ಮೂಕಚಿತ್ರದ ಅಭಿನಯ: ಏಣಾಕ್ಷಿ ರಾಮರಾವ್

ಸಾಗರ, ಹೊಸನಗರ, ತೀರ್ಥಹಳ್ಳಿ ಸೀಮೆಯ ರಸಿಕರಿಗೆ ತಾಳಮದ್ದಲೆಯು ಹೊಸದಲ್ಲ. ಅಲ್ಲಿ ವೇಷವಿಲ್ಲ, ಕುಣಿತವಿಲ್ಲ. ಅರ್ಥಧಾರಿಯು ಕುಳಿತಲ್ಲಿಯೇ ಮಾತಿನಿಂದ ಕೃಷ್ಣನನ್ನೂ ಕೌರವನನ್ನೂ ಕಟ್ಟಿ ನಿಲ್ಲಿಸುತ್ತಾನೆ. ಚತುರ್ವಿಧಾಭಿನಯಗಳಲ್ಲಿ ಆಂಗಿಕ, ಆಹಾರ್ಯಗಳು ಹಿಂದೆ ಸರಿದು ವಾಚಿಕವೇ ಮುಖ್ಯವಾಗುವ ಕಲೆಯಿದು. ಇದಕ್ಕೆ ನೇರ ಎದುರಾಗಿ ನಿಲ್ಲುವುದು ಮೂಕಚಿತ್ರ. ಅಲ್ಲಿ ವಾಚಿಕವೇ ಇಲ್ಲ. ಹಾಗೆಂದು ಅದನ್ನು ಮಾತು ಬರುವ ಮುಂಚಿನ ಅಪೂರ್ಣ ಕಲೆಯೆನ್ನುವುದು ಸರಿಯೆ? ವೇಷವಿಲ್ಲದ ತಾಳಮದ್ದಲೆಯನ್ನು ನಾವು ಅಪೂರ್ಣವೆನ್ನುವುದಿಲ್ಲವಷ್ಟೆ.

ಕನ್ನಡ ಚಿತ್ರರಂಗದ ಚರಿತ್ರೆಯನ್ನು ೧೯೩೪ರ ವಾಕ್ಚಿತ್ರ 'ಸತಿ ಸುಲೋಚನ'ದಿಂದ ಎಣಿಸುವುದು ರೂಢಿ. ಈ ಎಣಿಕೆಯಲ್ಲಿ ಮೂಕಚಿತ್ರದ ನಟನಟಿಯರು ಬದಿಗೆ ಸರಿದುಹೋಗುತ್ತಾರೆ. ಹಾಗೆ ಸರಿದವರಲ್ಲಿ ಏಣಾಕ್ಷಿ ರಾಮರಾವ್ ಒಬ್ಬರು. ಮೃಚ್ಛಕಟಿಕವನ್ನು ಆಧರಿಸಿ ಮೋಹನ ಭವನಾನಿಯವರು ನಿರ್ದೇಶಿಸಿದ 'ವಸಂತಸೇನಾ' ಮೂಕಚಿತ್ರದಲ್ಲಿ ಕೈಲಾಸಂ, ಕಮಲಾದೇವಿ ಚಟ್ಟೋಪಾಧ್ಯಾಯ ಇವರೊಡನೆ ಅಭಿನಯಿಸಿದವರು ಈಕೆ. ಕೈಲಾಸಂ ಅವರನ್ನು ನಾಟಕಗಳಿಗಾಗಿ, ಕಮಲಾದೇವಿಯವರನ್ನು ದೇಶಸೇವೆಗಾಗಿ ನಾವು ನೆನೆಯುತ್ತೇವೆ. ಏಣಾಕ್ಷಿಯವರ ಹೆಸರು ಮಾತ್ರ ನಟವರ್ಗದ ಪಟ್ಟಿಯಲ್ಲಿ ಉಳಿದಿದೆ.

ಅವರ ಕಲೆಯನ್ನು ಅಳೆಯಲು ೧೯೨೮ರ 'ಶಿರಾಜ್' ಚಿತ್ರವು ಆಧಾರವಾಗಿದೆ. ಜರ್ಮನಿಯ ಫ್ರಾಂಜ್ ಆಸ್ಟೆನ್ ನಿರ್ದೇಶಿಸಿ ಹಿಮಾಂಶು ರಾಯ್ ನಿರ್ಮಿಸಿದ ಈ ಚಿತ್ರದಲ್ಲಿ ಏಣಾಕ್ಷಿಯವರದು ಸೆಲಿಮಾಳ ಪಾತ್ರ. ಕುಂಬಾರನ ಮನೆಯಲ್ಲಿ ಬೆಳೆದ ಹುಡುಗಿ ಗುಲಾಮಳಾಗಿ ಮಾರಲ್ಪಟ್ಟು, ಅರಮನೆ ಸೇರಿ, ಕಡೆಗೆ ರಾಣಿಯಾಗುತ್ತಾಳೆ. ಈ ಮೂರು ಅವಸ್ಥೆಗಳ ಭೇದವನ್ನು ನಟಿಯು ದನಿಯ ನೆರವಿಲ್ಲದೆ ತೋರಬೇಕು. ತೆರೆಯ ಮೇಲೆ ನಡುನಡುವೆ ಮೂಡುವ ಬರಹವು ಕಥೆಯನ್ನು ಹೇಳಬಲ್ಲುದು; ಭಾವವನ್ನು ಹೇಳಲಾರದು. ಸೀತಾದೇವಿಯವರ ಡಾಲಿಯಾ ಅಸೂಯೆಯನ್ನು ಬಹಿರಂಗವಾಗಿ ತೋರುವ ಪಾತ್ರ. ಅದು ಕೂಡಲೇ ಕಣ್ಸೆಳೆಯುತ್ತದೆ. ಏಣಾಕ್ಷಿಯವರದು ಸಂಯಮದ ಮಾರ್ಗ. ಕೆಲವೆಡೆ ಈ ಸಂಯಮವು ಶಿಲ್ಪದ ನಿಶ್ಚಲತೆಗೆ ಜಾರುತ್ತದೆಂಬ ಆಕ್ಷೇಪವನ್ನು ನಾವು ಅಲ್ಲಗಳೆಯೆವು. ಆದರೆ ಪರಾಧೀನಳಾದವಳ ಮರ್ಯಾದೆಯನ್ನು ಕೈಕಾಲುಗಳ ಚೇಷ್ಟೆಯಿಂದಲ್ಲದೆ ನಿಲುವಿನಿಂದ ಸೂಚಿಸುವುದು ಸಾತ್ತ್ವಿಕಾಭಿನಯದ ದಾರಿಯೇ ಸರಿ. ಇಲ್ಲಿಯೇ ಮೂಕಚಿತ್ರವೂ ತಾಳಮದ್ದಲೆಯೂ ಒಂದಾಗುವುದು: ಒಂದರಲ್ಲಿ ಮಾತಿಲ್ಲ, ಇನ್ನೊಂದರಲ್ಲಿ ನಡೆಯಿಲ್ಲ, ಎರಡಕ್ಕೂ ಸತ್ತ್ವವೇ ಜೀವ.

ಈ ಅಭಿನಯದ ಹಿಂದೆ ನೃತ್ಯದ ಅಭ್ಯಾಸವಿದ್ದುದನ್ನು ಮರೆಯಲಾಗದು. ಮುಂದೆ ಭವನಾನಿಯವರನ್ನು ವರಿಸಿದ ಏಣಾಕ್ಷಿಯವರು ೧೯೬೫ರಲ್ಲಿ ಭಾರತೀಯ ನೃತ್ಯವನ್ನು ಕುರಿತು ಇಂಗ್ಲಿಷಿನಲ್ಲಿ ಗ್ರಂಥವನ್ನೇ ಪ್ರಕಟಿಸಿದರು.

ಸಾಗರ ತಾಲ್ಲೂಕಿನ ಹೆಗ್ಗೋಡಿನಲ್ಲಿ ೧೯೭೩ರಲ್ಲಿ ಆರಂಭವಾದ ನೀನಾಸಂ ಚಿತ್ರಸಮಾಜವು ಭಾಷೆ ತಿಳಿಯದ ಚಿತ್ರಗಳನ್ನೂ ಹಳ್ಳಿಯ ಪ್ರೇಕ್ಷಕರು ಸವಿಯಬಲ್ಲರೆಂದು ತೋರಿಸಿಕೊಟ್ಟಿತು. 'ಶಿರಾಜ್' ಚಿತ್ರವು ೨೦೧೭ರಲ್ಲಿ ಲಂಡನ್ನಿನಲ್ಲಿ ಪುನರುದ್ಧಾರಗೊಂಡು ಮತ್ತೆ ನೋಡಲು ದೊರೆತಿದೆ. ಮಾತನ್ನು ಕೇಳುವುದರಲ್ಲಿ ನುರಿತ ನಮ್ಮ ವಿದ್ಯಾರ್ಥಿಗಳು ಮೌನವನ್ನು ನೋಡುವುದನ್ನೂ ಅಭ್ಯಾಸಮಾಡಲಿ. ಚರಿತ್ರೆಯಿಂದ ಜಾರಿದ ಕಲಾವಿದೆಗೆ ಆಗ ನ್ಯಾಯ ದೊರೆತೀತು.