ಆರ್ಡೆರಿಕ್ ವಿಟಾಲಿಸನ ಚರಿತ್ರೆ

ನಾರ್ಮನ್ನರ ಇಂಗ್ಲೆಂಡನ್ನು ಅರಿಯಬಯಸುವವರಿಗೆ ಆರ್ಡೆರಿಕ್ ವಿಟಾಲಿಸನು ಲ್ಯಾಟಿನ್ ಭಾಷೆಯಲ್ಲಿ 13 ಭಾಗಗಳಾಗಿ ಬರೆದ ಧರ್ಮಸಂಘದ ಚರಿತ್ರೆಯು ಮುಖ್ಯವಾದ ಆಕರ. ಕ್ರಿ. ಶ. 1075ರಲ್ಲಿ ಶ್ರೂಸ್‌ಬರಿಯ ಬಳಿ ಜನಿಸಿದ ಈತನ ತಂದೆ ನಾರ್ಮನ್ ಪ್ರಭುವಿನ ಆಶ್ರಯದಲ್ಲಿದ್ದ ಪಾದ್ರಿ. ತಾಯಿ ಇಂಗ್ಲಿಷ್ ಕುಲದವಳು. ಹತ್ತರ ಎಳವೆಯಲ್ಲಿಯೇ ಈತನು ನಾರ್ಮಂಡಿಯ ಸೇಂಟ್ ಎವ್ರೂಲ್ ಮಠವನ್ನು ಸೇರಿದನು. ಇಂಗ್ಲೆಂಡಿನ ಜಮೀನುಗಳ ಉತ್ಪನ್ನವನ್ನು ಉಣ್ಣುತ್ತಿದ್ದ ಮಠವದು.

ಮಠಗಳ ಪೋಷಕನೆಂದು ಒಂದನೆಯ ವಿಲಿಯಮನನ್ನು ಈತನು ಕೊಂಡಾಡುವುದು ಸಹಜವೇ. ಆದರೆ 1069-70ರ ಚಳಿಗಾಲದಲ್ಲಿ, ದಂಗೆಯೆದ್ದ ಉತ್ತರ ಸೀಮೆಯ ಧಾನ್ಯವನ್ನೂ ದನಕರುಗಳನ್ನೂ ಸುಡಿಸಿ ರಾಜನು ಕ್ಷಾಮವನ್ನು ಬರಮಾಡಿದ ಸಂಗತಿಗೆ ಬಂದೊಡನೆ ಹೊಗಳಿಕೆಯು ನಿಂತುಹೋಗುತ್ತದೆ. ನಿರಪರಾಧಿಗಳನ್ನು ಹಸಿವಿನಿಂದ ಕೊಂದ ಪಾಪಕ್ಕೆ ದೈವದಂಡನೆ ತಪ್ಪದೆಂದು ಈತನು ನಿರ್ಣಯಿಸುತ್ತಾನೆ.

ಗ್ರಂಥದಲ್ಲಿ ದೋಷಗಳಿಲ್ಲದಿಲ್ಲ. ಅರ್ಧ ಶತಮಾನ ಕಳೆದ ಮೇಲೆ ಬರೆದ ಲಕ್ಷ ಮರಣಗಳ ಎಣಿಕೆಯನ್ನು ಅಕ್ಷರಶಃ ನಂಬಲಾಗದು. ಮರಣಶಯ್ಯೆಯಲ್ಲಿ ವಿಲಿಯಮನು ಆಡಿದನೆಂಬ ಪಶ್ಚಾತ್ತಾಪದ ದೀರ್ಘಭಾಷಣವು ಗ್ರಂಥಕರ್ತನ ಕೈವಾಡವೇ ಸರಿ. ಆದರೂ 1086ರ ಡೂಮ್ಸ್‌ಡೇ ಲೆಕ್ಕವು ಯಾರ್ಕ್‌ಷೈರಿನ ಎಷ್ಟೋ ಊರುಗಳನ್ನು ಪಾಳು ಎಂದಷ್ಟೇ ಗುರುತಿಸಿ ಮುಂದೆ ಸಾಗುತ್ತದೆ. ಕಂದಾಯದ ಕರಣಿಕನು ಬಿಟ್ಟ ಸಂಕಟವನ್ನು ಈ ಸನ್ಯಾಸಿಯು ಲೆಕ್ಕಕ್ಕೆ ಹಿಡಿದನು. ಅರಸನ ಕೃಪೆಯನ್ನು ಉಂಡ ಮಠದೊಳಗಿಂದಲೇ ಅರಸನ ಮೇಲೆ ತೀರ್ಪು ಹೊರಟುದು ಈ ಚರಿತ್ರೆಯ ಹಿರಿಮೆ.