ಟಿಕೀಟಿಲ್ಲದ ನಗೆ

ಸುರಪುರಕ್ಕೆ ಟೆಂಟ್ ಟಾಕೀಸು ಬಂದರೆ ನಾವು ಹುಡುಗರು ಡೇರೆಯ ಬಟ್ಟೆ ಎತ್ತಿ ಕೆಳಗಿಂದ ತೂರುತ್ತಿದ್ದೆವು. ಗೇಟಿನವ "ಟಿಕೀಟ್ ಎಲ್ಲದಲೇ?" ಅನ್ನುವುದರೊಳಗೆ ಮಂದಿಯೊಳಗೆ ಮಂದಿಯಾಗಿರುತ್ತಿದ್ದೆವು. ಇಂಥವನನ್ನೇ ನಾಯಕನಾಗಿಸಿ ಪಿಯರ್ ಕೊಲಂಬಿಯೇ ಎಂಬ ಫ್ರೆಂಚ್ ನಿರ್ದೇಶಕ 1930ರಲ್ಲೇ ಒಂದು ಟಾಕಿ ತೆಗೆದಿದ್ದ: ‘ಲ ರುವಾ ದೆ ರೆಸ್ಕಿಯರ್’. ಪುಕ್ಕಟೆ ನುಗ್ಗುವವರ ದೊರೆ ಎಂದರ್ಥ. ಜನ ನಟ ಮಿಲ್ತೊನ್‌ನನ್ನು ತಲೆಮೇಲೆ ಹೊತ್ತರು. ಕೊಲಂಬಿಯೇಯನ್ನು ಈಗ ಕೇಳುವವರಿಲ್ಲ.

ಹೀಗೆ ಮರೆತುಹೋದ ನಿರ್ದೇಶಕ ನಮ್ಮಲ್ಲೂ ಒಬ್ಬನಿದ್ದಾನೆ. ಕನ್ನಡ ಟಾಕಿ 1934ರಲ್ಲಿ ‘ಸತಿ ಸುಲೋಚನಾ’, ‘ಭಕ್ತ ಧ್ರುವ’ ಎಂದು ಪುರಾಣದಿಂದ ಮಾತು ಕಲಿಯಿತು. ಮರುವರ್ಷವೇ ‘ಸದಾರಮೆ’ ಬಂದಿತು. ಬೆಳ್ಳಾವೆ ನರಹರಿ ಶಾಸ್ತ್ರಿಗಳ ನಾಟಕ, ಗುಬ್ಬಿ ವೀರಣ್ಣನವರ ಕಳ್ಳನ ಪಾತ್ರ. ಇಷ್ಟು ಎಲ್ಲರಿಗೂ ಗೊತ್ತು. ನಿರ್ದೇಶಕ ರಾಜಾ ಚಂದ್ರಶೇಖರ್ ಅಂದರೆ ಮಾತ್ರ ಸಿನಿಮಾ ಹುಚ್ಚಿನವರೂ ತಲೆ ಕೆರೆದುಕೊಳ್ಳುತ್ತಾರೆ. ಮುಂದೆ ತಮಿಳಿನಲ್ಲಿ ‘ದಕ್ಷಯಜ್ಞಂ’ (1938), ‘ಮಾಯಾ ಮಚ್ಛೀಂದ್ರ’ (1939) ಮಾಡಿದವರು. ತ್ಯಾಗರಾಜ ಭಾಗವತರ್ ಜೊತೆ ಎಳೆಯ ಎಂಜಿಆರ್ ನಟಿಸಿದ ‘ಅಶೋಕ್ ಕುಮಾರ್’ (1941) ಕೂಡ ಇವರದೇ.

ಆ ‘ಸದಾರಮೆ’ಯನ್ನು ನಾನು ನೋಡಿಲ್ಲ. ಆದರೆ ಶಹಾಪುರದ ಜಾತ್ರೆಯಲ್ಲಿ ಕಂಪನಿ ನಾಟಕದ ಕಳ್ಳನನ್ನು ಕಂಡಿದ್ದೇನೆ. ಅವನು ಒಂದು ಮಾತು ಆಡಿ ಸುಮ್ಮನೆ ನಿಲ್ಲುತ್ತಿದ್ದ. ನಗೆ ಮುಂದಿನ ಚಾಪೆಯಿಂದ ಹಿಂದಿನ ಬಂಡಿಗಳ ತನಕ ಹೋಗಿ ಮುಟ್ಟಬೇಕು. ಹಿಂದಿನಿಂದ ಯಾರಾದರೂ ಕೂಗಿದರೆ ಅವನಿಗೂ ಒಂದು ಮಾತಿನ ಏಟು ಕೊಟ್ಟೇ ಮುಂದುವರಿಕೆ. ಟಾಕಿಯಲ್ಲಿ ಹಾಗಲ್ಲ, ಕ್ಯಾಮೆರಾ ನಗುವುದಿಲ್ಲ. ಕೆಣಕಿ ನಗಿಸಲು ಎದುರಿಗೆ ಮಂದಿಯೂ ಇಲ್ಲ. ಮಾತಿನ ನಡುವೆ ಎಷ್ಟು ತಡೆಯಬೇಕು? ಕಡಿಮೆಯಾದರೆ ಮುಂದಿನ ಮಾತು ನಗೆಯಲ್ಲಿ ಮುಳುಗುತ್ತದೆ, ಹೆಚ್ಚಾದರೆ ನಗೆ ತಣ್ಣಗಾಗುತ್ತದೆ. ಇನ್ನೂ ಹುಟ್ಟದ ನಗೆಗೆ ಅಳತೆ ಹಾಕುವ ಈ ಕೆಲಸ, ರಂಗದ ಮೇಲೆ ನಟನದು, ಟಾಕಿಯಲ್ಲಿ ನಿರ್ದೇಶಕನದು.

ಅಳತೆ ಸರಿಬಿದ್ದರೆ ಪ್ರೇಕ್ಷಕ ಕಳ್ಳನನ್ನಷ್ಟೇ ಕಾಣುತ್ತಾನೆ. ತಪ್ಪಿದ ದಿನ ಮಾತ್ರ ನಿರ್ದೇಶಕ ಸಿಕ್ಕಿಬೀಳುತ್ತಾನೆ, ಡೇರೆಯ ಅಂಚಿಗೆ ಕಾಲು ಸಿಕ್ಕಿದ ಹುಡುಗನ ಹಾಗೆ.