ಧಾತು, ಮಾತು ಮತ್ತು ಕುಟ್ಟಿಕಾರ: ಹಾಡಿನ ಜಂಟಿ ಕರ್ತೃತ್ವವನ್ನು ಕುರಿತು

ಹಾಡೊಂದು ಇಬ್ಬರ ಕೃತಿಯಾದಾಗ ಅದರ ಕರ್ತೃ ಯಾರೆಂಬ ಪ್ರಶ್ನೆಯನ್ನು ಕನ್ನಡ ವಿಮರ್ಶೆ ಬಹುಮಟ್ಟಿಗೆ ಕವಿಯ ಪರವಾಗಿಯೇ ತೀರ್ಮಾನಿಸಿಕೊಂಡು ಬಂದಿದೆ. ನಮ್ಮ ಸಂಗೀತಶಾಸ್ತ್ರದ ನಿಲುವು ಇದಕ್ಕೆ ವಿರುದ್ಧವಾದುದು. 13ನೆಯ ಶತಮಾನದಲ್ಲಿ ದೇವಗಿರಿಯ ಸೇವುಣ ಅರಸರ ಆಶ್ರಯದಲ್ಲಿದ್ದ ಶಾರ್ಙ್ಗದೇವನು ‘ಸಂಗೀತರತ್ನಾಕರ’ದಲ್ಲಿ ಹಾಡಿನ ಸಾಹಿತ್ಯವನ್ನು ‘ಮಾತು’ ಎಂದೂ ಸ್ವರರಚನೆಯನ್ನು ‘ಧಾತು’ ಎಂದೂ ಕರೆದು, ಎರಡರಲ್ಲಿಯೂ ನಿಷ್ಣಾತನಾದವನನ್ನು ಉತ್ತಮ ವಾಗ್ಗೇಯಕಾರನೆಂದನು. ಧಾತುವಿನಲ್ಲಿ ಸಮರ್ಥನಾಗಿದ್ದು ಮಾತಿನಲ್ಲಿ ಮಂದನಾದವನು ಮಧ್ಯಮ. ರಮ್ಯವಾದ ಮಾತನ್ನು ರಚಿಸಿಯೂ ಧಾತುವಿನಲ್ಲಿ ಮಂದನಾದವನು ಅಧಮ. ಅನ್ಯರ ಧಾತುವಿಗೆ ಮಾತನ್ನು ಹೊಂದಿಸುವವನಿಗೆ ‘ಕುಟ್ಟಿಕಾರ’ ಎಂಬ ಪ್ರತ್ಯೇಕ ಹೆಸರೇ ಅಲ್ಲಿದೆ. ಇಬ್ಬರು ಸೇರಿ ಹಾಡು ಕಟ್ಟುವ ಕ್ರಮವು ಆಧುನಿಕ ಉದ್ಯಮದ ಶಿಶುವೆಂದು ಭಾವಿಸುವವರು ಈ ಪರಿಭಾಷೆಯನ್ನು ಗಮನಿಸಬೇಕು.

ಮಾತು, ಧಾತುಗಳಲ್ಲಿ ಯಾವುದು ಮೊದಲು ಹುಟ್ಟಿತೆಂಬುದು ಹಾಡಿನ ಸ್ವರೂಪವನ್ನೇ ಬದಲಿಸಬಲ್ಲದು. ಅಮೆರಿಕದ ಸಂಗೀತ ನಾಟಕಗಳ ಸಂಯೋಜಕ ರಿಚರ್ಡ್ ರಾಜರ್ಸ್, ಲೊರೆನ್ಜ್ ಹಾರ್ಟ್ ಅವರೊಡನೆ ದುಡಿದಾಗ ಸಾಮಾನ್ಯವಾಗಿ ಸ್ವರ ಮೊದಲು, ಸಾಹಿತ್ಯ ಅನಂತರ. 1943ರ ‘ಒಕ್ಲಹೋಮ!’ ನಾಟಕದಿಂದ ಆಸ್ಕರ್ ಹ್ಯಾಮರ್‌ಸ್ಟೈನ್ ಜೊತೆಯಾದಾಗ ಈ ಕ್ರಮ ತಿರುಗಿತು. ಹಾರ್ಟ್ ಅವರಲ್ಲಿ ಪ್ರಾಸದ ಚಮತ್ಕಾರ ಮುಂದು. ಹ್ಯಾಮರ್‌ಸ್ಟೈನ್ ಅವರಲ್ಲಿ ಪಾತ್ರದ ಆಡುಮಾತು ಮುಂದು. ಕವಿಗಳ ಮನೋಧರ್ಮದ ಭೇದವೂ ಇದಕ್ಕೆ ಕಾರಣ, ನಿಜ. ಆದರೂ ಸಂಯೋಜಕ ಒಬ್ಬರೇ ಆಗಿದ್ದು ಹಾಡಿನ ಬಗೆ ಬೇರೆಯಾಯಿತೆಂಬುದು ಉಳಿಯುತ್ತದೆ. ಮುದ್ರಿತ ಹೆಸರುಗಳಿಂದ ಇಂತಹ ಒಳವಿವರ ತಿಳಿಯುವುದಿಲ್ಲ. ಇಂಗ್ಲೆಂಡಿನ ಬೀಟಲ್ಸ್ ತಂಡದ 1965ರ ‘ಯೆಸ್ಟರ್‌ಡೇ’ ಪಾಲ್ ಮೆಕಾರ್ಟ್ನಿ ಒಬ್ಬರದೇ ರಚನೆ. ಒಪ್ಪಂದದಂತೆ ಅದು ಲೆನನ್–ಮೆಕಾರ್ಟ್ನಿ ಜೋಡಿಯ ಹೆಸರಿನಲ್ಲಿದೆ.

ಕನ್ನಡದಲ್ಲಿ ಎರಡೂ ಕ್ರಮಗಳು ಏಕಕಾಲದಲ್ಲಿ ಬೆಳೆದವು. ‘ಗಂಧದ ಗುಡಿ’ (1973), ‘ಎರಡು ಕನಸು’ (1974) ಚಿತ್ರಗಳಲ್ಲಿ ರಾಜನ್–ನಾಗೇಂದ್ರ ಸಹೋದರರೊಡನೆ ಚಿ. ಉದಯಶಂಕರ್ ಜೊತೆಗೂಡಿದರು. ಚಿತ್ರರಂಗದ ರೂಢಿಯಲ್ಲಿ ಧಾಟಿ ಮುಂದು, ಪದ ಹಿಂದು. ಭಾವಗೀತೆಯಲ್ಲಿ ಅಚ್ಚಾದ ಕವಿತೆ ಮುಂದು, ಕೆ.ಎಸ್. ನಿಸಾರ್ ಅಹಮದ್ ಅವರ ಕವಿತೆಗಳಿಗೆ ಮೈಸೂರು ಅನಂತಸ್ವಾಮಿ ಸ್ವರ ಸಂಯೋಜಿಸಿದ ‘ನಿತ್ಯೋತ್ಸವ’ (1978) ಧ್ವನಿಸುರುಳಿ ಇದಕ್ಕೆ ಪ್ರಸಿದ್ಧ ನಿದರ್ಶನ. ವಿಮರ್ಶೆ ಎರಡನೆಯದಕ್ಕೆ ಗೌರವ ಸಲ್ಲಿಸಿ, ಮೊದಲನೆಯದನ್ನು ಪದ ಹೊಸೆಯುವ ಕಸುಬೆಂದು ಬದಿಗಿರಿಸಿತು.

ಜಾನಪದದ ಅಧ್ಯಯನಕಾರನಿಗೆ ಈ ತರತಮ ವಿಚಿತ್ರವಾಗಿ ಕಾಣುತ್ತದೆ. ನಮ್ಮ ಬೀಸುವ ಪದ, ಸೋಬಾನೆ, ಲಾವಣಿಗಳಲ್ಲಿ ಮಟ್ಟು ಮೊದಲೇ ಇರುತ್ತದೆ. ಹಾಡುವವರು ಅದಕ್ಕೆ ಮಾತನ್ನು ಕೂಡಿಸುತ್ತ ಹೋಗುತ್ತಾರೆ. ಬೀಸುವ ಕಲ್ಲಿನ ಇಬ್ಬದಿಗೆ ಕುಳಿತ ಇಬ್ಬರಲ್ಲಿ ಒಬ್ಬಳು ಎತ್ತಿದ ನುಡಿಯನ್ನು ಇನ್ನೊಬ್ಬಳು ಮುಂದುವರಿಸುವಾಗ ಅವರ ನಡುವೆ ಮೂರನೆಯ ಪಾಲುದಾರನಾಗಿ ಆ ಹಳೆಯ ಮಟ್ಟು ಇರುತ್ತದೆ. ಶಾರ್ಙ್ಗದೇವನ ಅಳತೆಯಲ್ಲಿ ಇವರೆಲ್ಲ ಕುಟ್ಟಿಕಾರರೇ. ಗರತಿಯನ್ನು ಕೊಂಡಾಡಿ ಉದಯಶಂಕರ್ ಅವರನ್ನು ಕಡೆಗಣಿಸುವ ವಿಮರ್ಶೆಗೆ ಸೈದ್ಧಾಂತಿಕ ಆಧಾರವಿಲ್ಲ.

ಶಿಶುನಾಳ ಷರೀಫರ (1819–1889) ತತ್ತ್ವಪದಗಳ ವಿಷಯದಲ್ಲಿ ಈ ಸಮಸ್ಯೆ ಇನ್ನಷ್ಟು ಜಟಿಲವಾಗಿದೆ. ಉತ್ತರ ಕರ್ನಾಟಕದ ಭಜನಾ ಮೇಳಗಳಲ್ಲಿ ಈ ಪದಗಳು ಏಕತಾರಿ, ತಾಳ, ಹಾರ್ಮೋನಿಯಂಗಳೊಡನೆ ತಮ್ಮದೇ ಮಟ್ಟುಗಳಲ್ಲಿ ಉಳಿದುಬಂದಿವೆ. ಅವನ್ನು ಸುಗಮ ಸಂಗೀತಕ್ಕೆ ತಂದವರಲ್ಲಿ ಎನ್.ಎಸ್. ಲಕ್ಷ್ಮೀನಾರಾಯಣ ಭಟ್ಟರು ಪ್ರಮುಖರು. ‘ಷರೀಫ ಭಟ್ಟ’ ಎಂಬ ಅಡ್ಡಹೆಸರೇ ಅವರಿಗೆ ಬಂದಿತು. ಸಿ. ಅಶ್ವಥ್ ಅವರ ಸಂಯೋಜನೆ, ಕಂಠ ಮತ್ತು ಟಿ.ಎಸ್. ನಾಗಾಭರಣ ನಿರ್ದೇಶನದ ‘ಸಂತ ಶಿಶುನಾಳ ಷರೀಫ’ (1990) ಚಿತ್ರ ಅವನ್ನು ನಾಡಿನಾದ್ಯಂತ ಹರಡಿದವು. ಅಶ್ವಥ್ ಪದವನ್ನು ಅಲಂಕರಿಸುವುದಕ್ಕಿಂತ ಎತ್ತಿ ಹೇಳುತ್ತಾರೆ; ಒಗಟಿನಂತಹ ಸಾಲನ್ನು ಕೂಗಾಗಿ ಮಾರ್ಪಡಿಸುತ್ತಾರೆ. ಇದು ಸ್ವತಂತ್ರ ಧಾತು ನಿರ್ಮಾಣ, ಅಶ್ವಥ್ ಅದರ ನಿಜವಾದ ಕರ್ತೃ. ಭಜನೆಯಲ್ಲಿ ಸೊಲ್ಲನ್ನು ಮೇಳ ಮರಳಿ ಮರಳಿ ಹಾಡಿದಾಗ ಒಗಟು ನಿಧಾನವಾಗಿ ಬಿಚ್ಚಿಕೊಳ್ಳುತ್ತದೆ. ಏಕಕಂಠದ ಉಚ್ಚ ಸ್ಥಾಯಿಯಲ್ಲಿ ಅದು ಮೊದಲೇ ತಿಳಿದ ಸತ್ಯದ ಘೋಷಣೆಯಾಗುತ್ತದೆ. ಧಾತು ಬದಲಾದಂತೆ ಅರ್ಥವೂ ಬದಲಾಗಿದೆ.

ಇದಕ್ಕಾಗಿ ಅಶ್ವಥ್ ಅವರನ್ನು ದೂರುವುದು ಅನ್ಯಾಯ. ಜಾನಪದ ವಿದ್ವತ್ತೇ ಮಟ್ಟನ್ನು ದಾಖಲೆಯ ಹೊರಗಿಟ್ಟಿತ್ತು. ಹಲಸಂಗಿ ಗೆಳೆಯರ ‘ಗರತಿಯ ಹಾಡು’ (1931) ಮೊದಲಾಗಿ ನಮ್ಮ ಸಂಕಲನಗಳು ಹೆಚ್ಚಾಗಿ ಮಾತಿನ ಸಂಕಲನಗಳು. ಧ್ವನಿಮುದ್ರಣ ದುರ್ಲಭವಾಗಿದ್ದ ಕಾಲದಲ್ಲಿ ಅದು ಅನಿವಾರ್ಯವಾಗಿತ್ತು. ಇಂದು ಆ ಸಬೂಬು ಸಲ್ಲದು. ಷರೀಫರ ಪದಗಳ ಯಾವುದೇ ಹೊಸ ಸಂಪಾದನೆಯು ಪಾಠಾಂತರಗಳೊಡನೆ ಮಟ್ಟಿನ ಭೇದಗಳನ್ನೂ ಕೊಡಬೇಕು: ಯಾವ ಊರಿನ ಮೇಳ, ಯಾವ ಧಾಟಿ, ಸೊಲ್ಲು ಎಲ್ಲಿ ಮರಳುತ್ತದೆ, ಆ ಧಾಟಿ ಧ್ವನಿಸುರುಳಿಯಿಂದ ಮೇಳಕ್ಕೆ ಬಂದುದೋ ಮೇಳದಲ್ಲಿ ಮೊದಲೇ ಇದ್ದುದೋ ಎಂಬ ವಿವರಗಳೊಡನೆ. ಹಳೆಯ ಮಟ್ಟುಗಳನ್ನು ಬಲ್ಲ ಹಿರಿಯ ಭಜನೆಕಾರರು ಇರುವಾಗಲೇ ಈ ಕಾರ್ಯ ನಡೆಯಬೇಕಾಗಿದೆ.